ಸೆರೆಯಾಳುಗಳು ಹೇಳಿದ ಕಥೆಗಳು

ಆಫ್ರಿಕ ಖಂಡದ ಮಾತು ಬಂದೊಡನೆ ನಮ್ಮಲ್ಲಿ ಓದುಬಲ್ಲವರ ಮನಸ್ಸಿಗೂ ಮೊದಲು ತೋರುವುದು ಕಾಡು, ಮರುಭೂಮಿ, ಸಿಂಹ, ಚಿನ್ನದ ಗಣಿ ಇಷ್ಟೇ. ಅಲ್ಲಿಯ ಜನಕ್ಕೆ ಸಾಹಿತ್ಯವೆಂಬುದು ಉಂಟೆ ಎಂದು ಕೇಳಿದರೆ ಬಹುಮಂದಿ ಉತ್ತರ ಕೊಡಲು ತುಸು ತಡೆಯುವರು. ಬರಹವಿದ್ದಲ್ಲಿ ಸಾಹಿತ್ಯ, ಬರಹವಿಲ್ಲದಲ್ಲಿ ಅದೂ ಇಲ್ಲ ಎಂಬುದು ನಾವು ಪಾಠಶಾಲೆಯಲ್ಲಿ ಕಲಿತುಬಂದ ಒಂದು ಮೂಢನಂಬಿಕೆ. ನಮ್ಮ ಮನೆಗಳ ಅಡಗೂಲಜ್ಜಿಯ ಕಥೆಗಳು ಯಾವ ಓಲೆಗರಿಯಲ್ಲಿದ್ದುವು? ರಾಗಿ ಬೀಸುವ ಹೆಂಗಸರ ಹಾಡುಗಳಿಗೆ ಯಾವ ಲಿಪಿಕಾರನಿದ್ದನು? ಬಾಯಿಂದ ಕಿವಿಗೆ, ಕಿವಿಯಿಂದ ಮತ್ತೆ ಬಾಯಿಗೆ ನಡೆದುಬಂದ ಈ ಬಗೆಯ ಸಂಪತ್ತು ಆಫ್ರಿಕದಲ್ಲಿ ಅಪಾರವಾಗಿ ಉಂಟು. ಅದನ್ನು ಕೂಡಿಸಿದವರು ಯಾರು, ಹೇಗೆ ಕೂಡಿಸಿದರು, ಕೂಡಿಸುವಾಗ ಏನು ಉಳಿಯಿತು, ಏನು ಹೋಯಿತು ಎಂಬುದನ್ನು ಇಂದು ಸ್ವಲ್ಪ ವಿಚಾರಮಾಡೋಣ.

ಆದರೆ ಒಂದು ಮಾತನ್ನು ಮೊದಲೇ ಹೇಳಿಬಿಡಬೇಕು. ‘ಆಫ್ರಿಕದ ಕಥೆ’ ಎಂಬ ಒಂದೇ ವಸ್ತು ಎಲ್ಲಿಯೂ ಇಲ್ಲ. ಆ ಖಂಡದಲ್ಲಿ ಆಡುವ ಭಾಷೆಗಳೇ ಸುಮಾರು 2000. ಗಿನಿಯ ಕರಾವಳಿಯ ಜೇಡನ ಕಥೆಗೂ ಕಲಹಾರಿಯ ಅಂಚಿನ ಹುಳುವಿನ ಕಥೆಗೂ ಇರುವ ದೂರ ನಮ್ಮ ಮಲೆನಾಡಿಗೂ ಸೈಬೀರಿಯಕ್ಕೂ ಇರುವಷ್ಟು. ಆದುದರಿಂದ ಎಲ್ಲವನ್ನೂ ಒಂದೇ ಮೂಟೆಯಲ್ಲಿ ಕಟ್ಟುವ ಸಾಹಸವನ್ನು ನಾವು ಮಾಡುವುದಿಲ್ಲ. ಖಂಡದ ದಕ್ಷಿಣದ ತುದಿಯಲ್ಲಿ, ಕೇಪ್ ಟೌನ್ ನಗರದ ಹೊರವಲಯವಾದ ಮೌಬ್ರೆ ಎಂಬಲ್ಲಿ, 1870ರಿಂದ ಹತ್ತು ಹನ್ನೆರಡು ವರ್ಷ ಒಂದು ಮನೆಯಲ್ಲಿ ನಡೆದ ಕೆಲಸವನ್ನೇ ಮುಖ್ಯವಾಗಿ ಹಿಡಿದುಕೊಳ್ಳುತ್ತೇವೆ. ಕಥೆಗಳನ್ನು ಸಂಗ್ರಹಿಸುವುದೆಂದರೆ ಏನು ಎಂಬುದು ಆ ಮನೆಯ ವೃತ್ತಾಂತದಿಂದ ತಿಳಿಯುವಷ್ಟು ಬೇರೆ ಯಾವುದರಿಂದಲೂ ತಿಳಿಯದೆಂದು ನಮ್ಮ ಅಭಿಪ್ರಾಯ.

ಹತ್ತೊಂಬತ್ತನೆಯ ಶತಮಾನದಲ್ಲಿ ಆಫ್ರಿಕದ ಕಥೆಗಳನ್ನು ಯೂರೋಪಿಗೆ ಒಯ್ದವರಲ್ಲಿ ಪಾದ್ರಿಗಳೂ ಪ್ರವಾಸಿಗಳೂ ಅಧಿಕಾರಿಗಳೂ ಇದ್ದರು. ಇವರಲ್ಲಿ ಅನೇಕರ ರೀತಿ ಇದು: ಕಥೆಯನ್ನು ದುಭಾಷಿಯ ಮೂಲಕ ಕೇಳುವುದು, ಬಿಡಾರಕ್ಕೆ ಬಂದಮೇಲೆ ನೆನಪಿನಿಂದ ತಮ್ಮ ಭಾಷೆಯಲ್ಲಿ ಬರೆಯುವುದು, ಬರೆಯುವಾಗ ಅಸಭ್ಯವೆಂದು ತೋರಿದುದನ್ನು ಬಿಡುವುದು, ಬೇಸರವೆಂದು ತೋರಿದ ಪುನರುಕ್ತಿಯನ್ನು ಕತ್ತರಿಸುವುದು, ಕೊನೆಗೆ ಒಂದು ನೀತಿಯನ್ನು ಅಂಟಿಸುವುದು. ಹೀಗೆ ಸಿದ್ಧವಾದ ಕಥೆ ಓದಲು ಚೆನ್ನಾಗಿಯೇ ಇರುತ್ತದೆ. ಆದರೆ ಅದು ಹೇಳಿದವನ ಕಥೆಯಲ್ಲ, ಬರೆದವನ ಕಥೆ.

ಈ ರೀತಿಯನ್ನು ಮೀರಿದವರಲ್ಲಿ ಹೆನ್ರಿ ಕ್ಯಾಲವೇ ಎಂಬ ಪಾದ್ರಿಯನ್ನು ನೆನೆಯಬೇಕು. ನೇಟಾಲಿನ ಸ್ಪ್ರಿಂಗ್‌ವೇಲ್ ಎಂಬಲ್ಲಿದ್ದ ತನ್ನ ಮಿಷನ್ನಿನ ಅಚ್ಚುಕೂಟದಲ್ಲಿ ಈತನು 1868ರಲ್ಲಿ ಜೂಲು ಜನರ ಕಥೆಗಳ ಒಂದು ಸಂಪುಟವನ್ನು ಹೊರಡಿಸಿದನು. ಪುಟದ ಒಂದು ಕಡೆ ಹೇಳಿದವರ ಬಾಯಿಂದ ಬಂದಂತೆಯೇ ಜೂಲು ಮಾತು, ಇನ್ನೊಂದು ಕಡೆ ಇಂಗ್ಲಿಷ್. ಆತನು ಮೊದಲು ಬಯಸಿದ್ದು ಭಾಷೆಯನ್ನು ಸರಿಯಾಗಿ ಕಲಿಯುವುದನ್ನಷ್ಟೇ. ಕಥೆಗಳು ಅದರ ಬೆನ್ನಹಿಂದೆ ಬಂದುವು. ಪಾಠಕ್ಕಾಗಿ ಬರೆದುಕೊಂಡುದೇ ಕೊನೆಗೆ ಶಾಸ್ತ್ರಕ್ಕೆ ಆಧಾರವಾಯಿತು.

ಈಗ ಮೌಬ್ರೆಯ ಮನೆಗೆ ಬರೋಣ. ಅದರ ಯಜಮಾನನು ವಿಲ್‌ಹೆಲ್ಮ್ ಬ್ಲೀಕ್ ಎಂಬ ಜರ್ಮನ್ ಪಂಡಿತ. 1827ರಲ್ಲಿ ಬರ್ಲಿನಿನಲ್ಲಿ ಹುಟ್ಟಿದವನು. ಬಾನ್ ವಿಶ್ವವಿದ್ಯಾಲಯದಲ್ಲಿ ಭಾಷಾಶಾಸ್ತ್ರದಲ್ಲಿ ಡಾಕ್ಟರ್ ಪದವಿಯನ್ನು ಪಡೆದವನು. 1854ರಲ್ಲಿ ನೈಜರ್ ನದಿಯ ಒಂದು ಯಾತ್ರೆಗೆ ಹೊರಟು ಜ್ವರಕ್ಕೆ ಸಿಕ್ಕಿ ಹಿಂದಿರುಗಿದನು. ಮರುವರ್ಷ ಬಿಷಪ್ ಕೊಲೆನ್ಸೊನೊಡನೆ ಜೂಲು ವ್ಯಾಕರಣದ ಕೆಲಸಕ್ಕೆಂದು ನೇಟಾಲಿಗೆ ಬಂದು, ಅಲ್ಲಿಂದ ಕೇಪ್ ಟೌನಿಗೆ ಬಂದು, ಗವರ್ನರ್ ಸರ್ ಜಾರ್ಜ್ ಗ್ರೇ ಕೂಡಿಸಿದ್ದ ಪುಸ್ತಕ ಭಂಡಾರಕ್ಕೆ ಪಾಲಕನಾದನು. ಮಧ್ಯ ಮತ್ತು ದಕ್ಷಿಣ ಆಫ್ರಿಕದ ನೂರಾರು ಭಾಷೆಗಳನ್ನು ಒಂದೇ ಕುಲವೆಂದು ಗುರುತಿಸಿ ಅದಕ್ಕೆ ‘ಬಾಂಟು’ ಎಂಬ ಹೆಸರನ್ನು ಶಾಸ್ತ್ರದಲ್ಲಿ ನೆಲೆಗೊಳಿಸಿದವನು ಈತನೇ.

ಈ ಬ್ಲೀಕನು 1864ರಲ್ಲಿ ಖೋಯ್‌ಖೋಯ್ ಜನರ ಕಥೆಗಳ ಒಂದು ಸಣ್ಣ ಪುಸ್ತಕವನ್ನು ಇಂಗ್ಲಿಷಿನಲ್ಲಿ ಪ್ರಕಟಿಸಿದ್ದನು. ಅದರ ಮುನ್ನುಡಿಯಲ್ಲಿ ಒಂದು ತಪ್ಪೊಪ್ಪಿಗೆ ಇದೆ: ಇಂಗ್ಲಿಷ್ ಓದುಗರ ಕಣ್ಣಿಗೆ ತೀರ ಬೆತ್ತಲೆಯೆಂದು ಕಾಣಬಹುದಾದ ಕೆಲವು ಕಡೆಗಳಲ್ಲಿ ಸ್ವಲ್ಪ ಬಿಟ್ಟು ಸ್ವಲ್ಪ ಬದಲಾಯಿಸಿರುವುದಾಗಿ ಆತನೇ ಹೇಳಿಕೊಂಡಿದ್ದಾನೆ. ಪುಸ್ತಕಕ್ಕೆ ಕೊಟ್ಟ ಹೆಸರೂ ಯೂರೋಪಿನ ಪ್ರಸಿದ್ಧ ನರಿಯಾದ ರೈನಾರ್ಡನದು. ಆರು ವರ್ಷ ಕಳೆದಮೇಲೆ ಅದೇ ಮನುಷ್ಯನು ಒಂದು ಉಸಿರನ್ನೂ ಬಿಡದೆ ಬರೆದುಕೊಳ್ಳುವವನಾದನು. ಈ ಮಾರ್ಪಾಟೇ ನಮಗೆ ಇಲ್ಲಿ ಮುಖ್ಯವಾದ ಸಂಗತಿ.

ಅದಾದುದು ಹೀಗೆ. ಕೇಪ್ ಟೌನಿನ ಬಂದರಿನಲ್ಲಿ ಆಗ ಅಲೆಗಳನ್ನು ತಡೆಯುವ ದೊಡ್ಡ ಕಲ್ಲುಕಟ್ಟೆಯ ಕೆಲಸ ನಡೆಯುತ್ತಿತ್ತು, ದುಡಿಯುತ್ತಿದ್ದವರು ಕೈದಿಗಳು. 1870ರಲ್ಲಿ ಆ ಕೈದಿಗಳ ನಡುವೆ ‘ಬುಷ್‌ಮನ್’ ಜನ 28 ಮಂದಿ ಇದ್ದಾರೆಂಬ ವರ್ತಮಾನ ಬ್ಲೀಕನಿಗೆ ತಿಳಿಯಿತು. ಈ ಹೆಸರು ಅವರು ಇಟ್ಟುಕೊಂಡದ್ದಲ್ಲ. ಪೊದೆಗಳಲ್ಲಿ ಇರುವವರೆಂದು ಬಿಳಿಯ ವಲಸೆಗಾರರು ಹಳಿದು ಕರೆದುದು. ಈಗಿನವರು ಇಡೀ ಸಮೂಹಕ್ಕೆ ‘ಸಾನ್’ ಎನ್ನುವರು. ನಾವು ಹೇಳುತ್ತಿರುವ ಪಂಗಡ ‘ಕ್ಸಾಮ್’ ಎಂಬ ಭಾಷೆಯನ್ನಾಡುವವರು. ಕೇಪ್ ಪ್ರಾಂತದ ಉತ್ತರದ ಒಣನೆಲದಲ್ಲಿ, ಕೆನ್‌ಹಾರ್ಟ್ ಊರಿನ ಸುತ್ತಮುತ್ತ, ಹುಲ್ಲೆಗಳನ್ನು ಬೇಟೆಯಾಡಿ ಗೆಡ್ಡೆಗಳನ್ನು ಅಗೆದು ತಿಂದು ಬಾಳುತ್ತಿದ್ದ ಜನ. ಆ ನೆಲಕ್ಕೆ ವಲಸೆಗಾರರ ಕುರಿಮಂದೆಗಳು ಬಂದುವು, ಹುಲ್ಲೆಗಳು ಹೋದುವು, ನೀರಿನ ಗುಂಡಿಗಳು ಪರರ ವಶವಾದುವು. ಹಸಿದವರು ಕುರಿಗೆ ಕೈಹಾಕಿದರು, ಕೋವಿಯವರು ಹಿಂಬಾಲಿಸಿದರು. ಲೂಯಿ ಆಂಥಿಂಗ್ ಎಂಬ ಮ್ಯಾಜಿಸ್ಟ್ರೇಟನು ಅಲ್ಲಿಯ ಕಗ್ಗೊಲೆಗಳನ್ನು ಕುರಿತು 1863ರಲ್ಲಿ ಸರ್ಕಾರಕ್ಕೆ ವರದಿಯನ್ನೇ ಒಪ್ಪಿಸಿದ್ದನು. ಕೈದಿಗಳಾಗಿ ಬಂದವರು ಒಂದು ರೀತಿಯಲ್ಲಿ ಬದುಕಿ ಉಳಿದವರು.

ಬ್ಲೀಕನು ಸರ್ಕಾರದ ಅನುಮತಿಯನ್ನು ಪಡೆದು ಅವರಲ್ಲಿ ಒಬ್ಬ ತರುಣನನ್ನು 1870ರ ಆಗಸ್ಟ್ ಕೊನೆಯಲ್ಲಿ ತನ್ನ ಮನೆಗೆ ಕರೆತಂದನು. ತರುಣನ ಹೆಸರು ಆಕುಂತ. ಒಳ್ಳೆಯವನು, ಆದರೆ ಕಥೆಗಳು ಹೆಚ್ಚು ತಿಳಿಯದು. 1871ರ ಫೆಬ್ರುವರಿಯಲ್ಲಿ ಕಬ್ಬೋ ಎಂಬ ವೃದ್ಧನು ಬಂದನು. ಈತನಿಂದ ಆ ಮನೆಗೆ ಕಥೆಯ ಕಣಜವೇ ಬಂದಂತಾಯಿತು.

ಬರೆಯುವುದು ಸುಲಭವಾಗಿರಲಿಲ್ಲ. ಈ ಭಾಷೆಯಲ್ಲಿ ನಮ್ಮ ವರ್ಣಮಾಲೆಗೆ ಸಿಕ್ಕದ ಧ್ವನಿಗಳಿವೆ. ಅಯ್ಯೋ ಪಾಪ ಎನ್ನುವ ಸಂದರ್ಭದಲ್ಲಿ ನಾವು ನಾಲಗೆಯನ್ನು ಹಲ್ಲಿಗೊತ್ತಿ ಲೊಚಗುಟ್ಟುತ್ತೇವಲ್ಲವೆ? ಗಾಡಿಯವನು ಎತ್ತನ್ನು ಹುರಿದುಂಬಿಸಲು ಕೆನ್ನೆಯ ಕಡೆಯಿಂದ ಒಂದು ಸದ್ದು ಮಾಡುವುದುಂಟಲ್ಲವೆ? ನಮಗೆ ಇವು ಮಾತಿನ ಹೊರಗಿನ ಸದ್ದುಗಳು. ಅವರಿಗೆ ಕಕಾರ ಗಕಾರಗಳಂತೆ ವ್ಯಂಜನಗಳು. ಕಬ್ಬೋ ಎಂದು ನಾವು ಈಗ ಹೇಳಿದ ಹೆಸರಿನ ಮೊದಲಲ್ಲಿಯೇ ಅಂಥದೊಂದು ಇದೆ. ನಾವು ಅದನ್ನು ನುಂಗಿ ಹೇಳಿದ್ದೇವೆ. ಬ್ಲೀಕನು ಇವುಗಳಿಗೆ ಒಂದು ನಿಲುಗೆರೆ, ಎರಡು ನಿಲುಗೆರೆ, ಉದ್ಗಾರ ಚಿಹ್ನೆ ಮೊದಲಾದ ಗುರುತುಗಳನ್ನು ಬಳಸಿದನು. ಇಂದಿಗೂ ಅವೇ ಗುರುತುಗಳು ನಡೆಯುತ್ತಿವೆ.

ಈ ಕೆಲಸದಲ್ಲಿ ಬ್ಲೀಕನಿಗೆ ಜೊತೆಯಾದವಳು, ನಿಜವಾಗಿ ನೋಡಿದರೆ ಹೆಚ್ಚಿನ ಪಾಲನ್ನು ಹೊತ್ತವಳು, ಆತನ ಹೆಂಡತಿಯ ಅಕ್ಕ ಲೂಸಿ ಲಾಯ್ಡ್. 1834ರಲ್ಲಿ ಇಂಗ್ಲೆಂಡಿನಲ್ಲಿ ಹುಟ್ಟಿ, ಡರ್ಬನಿನ ಆರ್ಚ್‌ಡೀಕನ್ನನಾಗಿದ್ದ ತಂದೆಯೊಡನೆ ಆಫ್ರಿಕಕ್ಕೆ ಬಂದವಳು. ಭಾಷಾಶಾಸ್ತ್ರವನ್ನು ಯಾವ ವಿಶ್ವವಿದ್ಯಾಲಯದಲ್ಲಿಯೂ ಓದಿದವಳಲ್ಲ. ಬ್ಲೀಕನು ಪುಸ್ತಕ ಭಂಡಾರದ ಕೆಲಸಕ್ಕೆ ಹೋದಾಗ ಮನೆಯಲ್ಲಿದ್ದು ಬರೆದುಕೊಳ್ಳುತ್ತಿದ್ದವಳು ಆಕೆ. ಕೈತೋರಿಸಿ ವಸ್ತುಗಳ ಹೆಸರನ್ನು ಕೇಳುವುದು, ಚಿತ್ರಗಳನ್ನು ತೋರಿಸುವುದು, ವಸ್ತುಸಂಗ್ರಹಾಲಯಕ್ಕೆ ಕರೆದೊಯ್ದು ಪಕ್ಷಿ ಪ್ರಾಣಿಗಳ ಹೆಸರನ್ನು ಹೇಳಿಸುವುದು, ಹೀಗೆ ಒಂದೊಂದು ಪದವಾಗಿ ಭಾಷೆ ಕೈಗೆ ಬಂದಿತು. ಬರಹದ ಪುಸ್ತಕಗಳ ಏರ್ಪಾಟು ಇಂದಿನವರೂ ಮೆಚ್ಚುವಂಥದು. ಬಲಗಡೆಯ ಪುಟದಲ್ಲಿ ಎರಡು ಸಾಲುಪಟ್ಟಿ: ಒಂದರಲ್ಲಿ ಕ್ಸಾಮ್ ಮಾತು, ಪಕ್ಕದಲ್ಲಿ ಅದರ ಇಂಗ್ಲಿಷ್ ಅರ್ಥ. ಎಡಗಡೆಯ ಪುಟವನ್ನು ಖಾಲಿ ಬಿಡುತ್ತಿದ್ದರು. ಮುಂದೆಂದಾದರೂ ಹೇಳುವವನು ಒಂದು ವಿವರಣೆಯನ್ನೋ ಇನ್ನೊಂದು ಪಾಠವನ್ನೋ ಕೊಟ್ಟರೆ ಅದನ್ನು ತುಂಬುವುದಕ್ಕೆ. ಕಥೆಯನ್ನು ಹೇಳಿದವರು ಯಾರು, ಅವರು ಅದನ್ನು ತಾಯಿಯಿಂದ ಕೇಳಿದರೋ ತಂದೆಯಿಂದಲೋ, ಬರೆದ ದಿನ ಯಾವುದು ಎಂಬುದೆಲ್ಲ ನಮೂದಾಗುತ್ತಿತ್ತು. ಎಲ್ಲ ಸೇರಿ 12,000 ಪುಟಗಳಿಗೂ ಮೇಲಾಯಿತು. ನಮ್ಮ ಹಳೆಯ ಹಸ್ತಪ್ರತಿಗಳಲ್ಲಿ ಕವಿಯ ಹೆಸರೇ ಸಿಕ್ಕದೆ ಪಂಡಿತರು ಪಡುವ ಪಾಡನ್ನು ಬಲ್ಲವರಿಗೆ ಇದರ ಬೆಲೆಯನ್ನು ನಾವು ಬೇರೆ ಹೇಳಬೇಕಾಗಿಲ್ಲ.

ಕಬ್ಬೋ ಎಂದರೆ ಅವರ ಮಾತಿನಲ್ಲಿ ಕನಸು. ಆತನು ಕುರಿಕಳ್ಳತನದ ಆಪಾದನೆಯಲ್ಲಿ ಸಿಕ್ಕಿಬಿದ್ದವನು. ತನ್ನನ್ನು ಹಿಡಿದು ಕಟ್ಟಿ ತಂದ ಬಗೆ, ದಾರಿಯಲ್ಲಿ ಪಟ್ಟ ಕಷ್ಟ, ಮೊದಲ ಸಲ ರೈಲುಗಾಡಿಯಲ್ಲಿ ಕುಳಿತ ಅನುಭವ, ಇವನ್ನೂ ಆತನು ಕಥೆಯ ಧಾಟಿಯಲ್ಲಿಯೇ ಹೇಳಿ ಬರೆಸಿದ್ದಾನೆ. ತನ್ನ ಸ್ಥಳವನ್ನು ಆತನು ವರ್ಣಿಸುವ ರೀತಿಯನ್ನು ಕೇಳಿದರೆ ನಮ್ಮ ಹಳ್ಳಿಯ ಹಿರಿಯರು ಹೊಲದ ಪರಂಪರೆಯನ್ನು ಹೇಳುವುದು ನೆನಪಾಗುತ್ತದೆ: ಆ ನೀರು ಅಜ್ಜನದು, ಅಜ್ಜನ ತರುವಾಯ ತಂದೆಯದು, ತಂದೆಯ ತರುವಾಯ ಅಣ್ಣನದು, ಅಣ್ಣನ ತರುವಾಯ ತನ್ನದು. ಅಲೆಮಾರಿಗಳಿಗೆ ಸ್ವಂತ ನೆಲವಿಲ್ಲವೆಂದು ಹೇಳಿ ನೆಲವನ್ನು ವಶಪಡಿಸಿಕೊಂಡವರ ವಾದಕ್ಕೆ ಇದಕ್ಕಿಂತ ಬೇರೆ ಉತ್ತರ ಬೇಕಾಗಿಲ್ಲ.

ಶಿಕ್ಷೆಯ ಅವಧಿ ಮುಗಿದಮೇಲೆಯೂ ಕಬ್ಬೋ ಕೆಲವು ಕಾಲ ಮೌಬ್ರೆಯಲ್ಲಿಯೇ ನಿಂತನು. ತನ್ನ ಜನರ ಕಥೆಗಳು ಪುಸ್ತಕದ ಮೂಲಕ ಲೋಕಕ್ಕೆ ತಿಳಿಯುವುವೆಂಬುದು ಆತನಿಗೆ ಸಂತೋಷವನ್ನುಂಟುಮಾಡಿತೆಂದು ಲೂಸಿ ಲಾಯ್ಡ್ ಬರೆದಿದ್ದಾಳೆ. ಆದರೆ ಆ ಸಂತೋಷದಡಿಯಲ್ಲಿ ಇನ್ನೊಂದು ಇತ್ತು. ಆತನು ದಿನವೂ ಚಂದ್ರನನ್ನು ಎಣಿಸುತ್ತ ಊರಿಗೆ ಹೋಗುವ ಕಾಲವನ್ನು ಕಾಯುತ್ತಿದ್ದನು. ಊರಿನಲ್ಲಿ ಜನ ಒಬ್ಬರ ಗುಡಿಸಿಲಿಗೊಬ್ಬರು ಹೋಗಿ ಕುಳಿತು ಕಥೆಯನ್ನು ಕೇಳುವರು. ಕಥೆ ಗಾಳಿಯಂತೆ ದೂರದಿಂದ ತೇಲಿ ಬರುವುದು. ಇಲ್ಲಿ ತನಗೆ ಅಂಥ ಕಥೆ ಬರುವುದಿಲ್ಲ, ಏಕೆಂದರೆ ಇಲ್ಲಿಯವರು ತನ್ನ ಜನವಲ್ಲ, ಕೆಲಸದವರು. ಆತನ ಅಳಲಿನ ಸಾರ ಇಷ್ಟು. ಇನ್ನೊಂದು ಬೇಡಿಕೆಯನ್ನೂ ಆತನು ಮತ್ತೆ ಮತ್ತೆ ಹೇಳಿದ್ದಾನೆ. ತನಗೆ ಒಂದು ಕೋವಿ ಬೇಕು. ಹಸಿವೆಯಿಂದಲೇ ತಾನು ಕುರಿಗೆ ಕೈಹಾಕಿ ಸೆರೆ ಸಿಕ್ಕಿದುದು; ಮುದುಕನಾದವನಿಗೆ ಬಿಲ್ಲು ಬಾಗದು; ಕೋವಿಯಿದ್ದರೆ ಹೊಟ್ಟೆ ನಡೆಯುವುದು.

ಇಲ್ಲಿ ಸ್ವಲ್ಪ ನಿಲ್ಲಬೇಕೆಂದು ತೋರುತ್ತದೆ. ಬರೆದುಕೊಳ್ಳುವವರಿಗೆ ಬೇಕಾದುದು ಕಥೆ. ಹೇಳುವವನಿಗೆ ಬೇಕಾದುದು ಊರು, ಹೆಂಡತಿ ಮಕ್ಕಳು, ಬೇಟೆಯ ಸಾಧನ. ಬ್ಲೀಕನೂ ಲೂಸಿಯೂ ಸಜ್ಜನರೆಂಬುದರಲ್ಲಿ ನಮಗೆ ಸಂದೇಹವಿಲ್ಲ. ಆದರೂ ಒಬ್ಬರು ಮನೆಯ ಯಜಮಾನರು, ಇನ್ನೊಬ್ಬನು ಸೆರೆಯಿಂದ ಬಿಡಿಸಿ ತಂದವನು. ಈ ಏರುತಗ್ಗನ್ನು ಮರೆತು ಆ ಪುಟಗಳನ್ನು ಓದುವುದು ಸರಿಯಾಗದು. ಪಶ್ಚಿಮ ಆಫ್ರಿಕದ ಅಶಾಂತಿ ಜನರಲ್ಲಿ ಒಂದು ಕಥೆಯುಂಟು. 1930ರಲ್ಲಿ ರ್‍ಯಾಟ್ರೆ ಎಂಬುವನು ಅದನ್ನು ಮೂಲದೊಡನೆ ಪ್ರಕಟಿಸಿದನು. ಪೂರ್ವದಲ್ಲಿ ಕಥೆಗಳೆಲ್ಲ ಆಕಾಶದೇವನ ಸೊತ್ತಾಗಿದ್ದುವಂತೆ. ಅನಾನ್ಸೆ ಎಂಬ ಜೇಡನು ಅವನ್ನು ಕೊಳ್ಳಲು ಹೋದಾಗ ದೇವನು ಬೆಲೆಯಾಗಿ ಹೆಬ್ಬಾವು, ಚಿರತೆ, ಕಣಜದ ಹುಳುಗಳ ಹಿಂಡು, ಕಾಡಿನ ಒಂದು ಕಿನ್ನರಿ ಇವನ್ನು ಕೇಳಿದನು. ಜೇಡನು ಯುಕ್ತಿಯಿಂದ ನಾಲ್ಕನ್ನೂ ಹಿಡಿದೊಪ್ಪಿಸಿದನು. ಅಂದಿನಿಂದ ಕಥೆಗಳಿಗೆ ಜೇಡನ ಕಥೆಗಳೆಂದೇ ಹೆಸರಾಯಿತು. ಕಥೆಗೆ ಒಡೆಯನುಂಟು, ಬೆಲೆಯುಂಟು ಎಂಬುದನ್ನು ಅಶಾಂತಿಗಳು ತಿಳಿದಿದ್ದರು. ಸಂಗ್ರಹಕಾರರಲ್ಲಿ ಬಹುಮಂದಿಗೆ ಅದು ಹೊಳೆದುದು ತಡವಾಗಿ.

ಕಬ್ಬೋ 1873ರ ಅಕ್ಟೋಬರಿನಲ್ಲಿ ಆಕುಂತನೊಡನೆ ಮೌಬ್ರೆಯನ್ನು ಬಿಟ್ಟನು, 1876ರಲ್ಲಿ ತೀರಿಕೊಂಡನು. ಆತನ ತರುವಾಯ ದಿಯಾಕ್ವೈನ್ ಎಂಬ ಇನ್ನೊಬ್ಬ ಕೈದಿ ಬಂದನು. ಕೆಲಕಾಲ ಆತನ ಸೋದರಿಯೂ ಬಂದಿದ್ದಳು. ಅನಂತರ 1878ರಲ್ಲಿ ಕಬ್ಬೋನ ಅಳಿಯ ಹಾನ್‌ಕಾಸೋ. ಹೆಂಗಸರ ಬಾಯಿಂದ ಬಂದುದು ಈ ಸಂಗ್ರಹದಲ್ಲಿ ಬಹಳ ಕಡಮೆ. ಕಲ್ಲು ಹೊರಲು ಹಿಡಿದು ತಂದವರು ಗಂಡಸರು, ಆದುದರಿಂದ ಕಥೆಗಾರರೂ ಗಂಡಸರೇ. ಕ್ಯಾಲವೇಗೆ ನೇಟಾಲಿನಲ್ಲಿ ಮುದುಕಿಯರು ಹೇಳಿದಂಥ ಕಥೆಗಳು ಕ್ಸಾಮ್ ಜನರಲ್ಲಿಯೂ ಇದ್ದಿರಬೇಕು; ಅವು ಆ ಹೆಂಗಸರೊಡನೆಯೇ ಹೋದುವು.

ಇನ್ನು ಕಥೆಗಳ ಮಾತು. ಇವುಗಳ ನಾಯಕನು ಕಾಗ್ಗೆನ್ ಎಂಬಾತ. ಮುಂಗಾಲೆರಡನ್ನೂ ಮಡಿಸಿ ಕೈಮುಗಿದಂತೆ ಎಲೆಯ ಮೇಲೆ ಕುಳಿತಿರುವ ಹಸುರು ಹುಳುವನ್ನು ನಮ್ಮ ತೋಟಗಳಲ್ಲಿಯೂ ಕಾಣುತ್ತೇವೆ. ಅದೇ ಹುಳುವಿನ ಹೆಸರು ಇವನದು. ಇವನು ದೇವರೋ, ಕೋತಿಚೇಷ್ಟೆಯವನೋ ಹೇಳುವುದು ಕಷ್ಟ, ಎರಡೂ ಹೌದು. ಹೆಂಡತಿ, ಸಾಕುಮಗಳು ಮುಳ್ಳುಹಂದಿ, ಅಳಿಯ, ಮೊಮ್ಮಗ ಮುಂಗುಸಿ ಇವರೊಡನೆ ಸಂಸಾರಮಾಡುವನು. ತಪ್ಪುಮಾಡಿ ಮೊಮ್ಮಗನಿಂದ ಬೈಸಿಕೊಳ್ಳುವನು. ಒಂದು ಕಥೆ ಹೀಗಿದೆ. ಕಾಗ್ಗೆನ್ ಅಳಿಯನ ಚಪ್ಪಲಿಯೊಂದನ್ನು ಎತ್ತಿಕೊಂಡು ಹೋಗಿ ಜೊಂಡಿನ ನಡುವಣ ನೀರಿನಲ್ಲಿಟ್ಟನು. ಅದು ಎಲಂಡ್ ಎಂಬ ಮಹಾ ಹುಲ್ಲೆಯ ಮರಿಯಾಯಿತು. ಅವನು ದಿನವೂ ಹೋಗಿ ಕರೆದರೆ ಅದು ನೀರಿನಿಂದೆದ್ದು ಬರುವುದು. ಜೇನುತುಪ್ಪವನ್ನು ಸವರಿ ಸವರಿ ಅದನ್ನು ಬೆಳೆಸಿದನು. ಮನೆಗೆ ಜೇನು ಬಾರದಿರುವುದನ್ನು ಕಂಡು ಮನೆಯವರಿಗೆ ಸಂಶಯವುಂಟಾಗಿ ಮುಂಗುಸಿಯನ್ನು ಬೇಹಿಗೆ ಕಳುಹಿಸಿದರು. ಗುಟ್ಟು ತಿಳಿಯಿತು, ಅಳಿಯನು ಹುಲ್ಲೆಯನ್ನು ಕೊಂದನು. ಕಾಗ್ಗೆನ್ ಬಂದು ಕರೆದರೆ ಹುಲ್ಲೆಯಿಲ್ಲ. ಅವನು ಅತ್ತನು. ಮರದ ಮೇಲಿದ್ದ ಅದರ ಪಿತ್ತಕೋಶವನ್ನು ಚುಚ್ಚಿದನು. ಅದು ಒಡೆದು ಕತ್ತಲೆಯಾಗಿ ಅವನ ಕಣ್ಣನ್ನು ಮುಚ್ಚಿತು. ತಡವುತ್ತ ಹೋಗುವಾಗ ಉಷ್ಟ್ರಪಕ್ಷಿಯ ಒಂದು ಗರಿ ಸಿಕ್ಕಲು ಅದರಿಂದ ಕಣ್ಣೊರಸಿಕೊಂಡು, ಅದನ್ನು ಆಕಾಶಕ್ಕೆಸೆದು, ಕತ್ತಲೆಯಲ್ಲಿ ಜನಕ್ಕೆ ಬೆಳಕು ಕೊಡುವ ಚಂದ್ರನಾಗೆಂದನು. ಬೇಟೆಗಾರರ ಜನಾಂಗವೊಂದು ತಾನು ಕೊಲ್ಲುವ ಪ್ರಾಣಿಯನ್ನು ಎಷ್ಟು ಪ್ರೀತಿಯಿಂದ ನೋಡಬಲ್ಲುದೆಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆಯನ್ನು ನಾವು ಅರಿಯೆವು.

ಇದನ್ನು ನಾವು ಹನ್ನೊಂದು ವಾಕ್ಯಗಳಲ್ಲಿ ಹೇಳಿ ಮುಗಿಸಿದೆವು. ಈ ಹನ್ನೊಂದು ವಾಕ್ಯಗಳಲ್ಲಿ ಎಷ್ಟು ಹೋಯಿತೆಂಬುದಕ್ಕೆ ಒಂದು ಸಣ್ಣ ನಿದರ್ಶನ. ನಮ್ಮ ಅಜ್ಜಿಯರು ಕಾಗಕ್ಕ ಗುಬ್ಬಕ್ಕರ ಕಥೆಯನ್ನು ಹೇಳುವಾಗ ಕಾಗೆಗೊಂದು ಕಂಠ, ಗುಬ್ಬಿಗೊಂದು ಕಂಠ ಮಾಡುವುದುಂಟು. ಕ್ಸಾಮ್ ಕಥೆಗಾರರು ಇದನ್ನೇ ವ್ಯಾಕರಣದಷ್ಟು ಕಟ್ಟುನಿಟ್ಟಾಗಿ ಮಾಡುತ್ತಿದ್ದರು. ಆಮೆ ಮಾತನಾಡುವಾಗ ಲೊಚಗುಟ್ಟುವ ಧ್ವನಿಗಳೆಲ್ಲ ತುಟಿಯ ಧ್ವನಿಗಳಾಗುವುವು. ಚಂದ್ರ, ಮೊಲ ಇವರ ಮಾತಿನಲ್ಲಿ ಆ ಭಾಷೆಯ ಬೇರಾವ ಪದದಲ್ಲಿಯೂ ಇಲ್ಲದ, ಉಚ್ಚರಿಸಲು ಬಹು ಕಷ್ಟವಾದ ಒಂದು ಧ್ವನಿ ಬರುವುದು. ಬ್ಲೀಕನು ಇದನ್ನು 1875ರಲ್ಲಿ ಸರ್ಕಾರಕ್ಕೆ ಕೊಟ್ಟ ವರದಿಯಲ್ಲಿ ತೋರಿಸಿಕೊಟ್ಟನು. ಮೂಲವನ್ನು ಬರೆದುಕೊಳ್ಳದೆ ಇಂಗ್ಲಿಷಿನಲ್ಲಿ ಮಾತ್ರ ಬರೆದಿದ್ದರೆ ಇದರ ಸುಳಿವೇ ಯಾರಿಗೂ ಸಿಕ್ಕುತ್ತಿರಲಿಲ್ಲ.

ಆ ವರ್ಷದ ಆಗಸ್ಟಿನಲ್ಲಿಯೇ ಬ್ಲೀಕನು ತೀರಿಕೊಂಡನು, ವಯಸ್ಸು 48. ಕೆಲಸವೆಲ್ಲ ಲೂಸಿಯ ಮೇಲೆ ಬಿದ್ದಿತು. ಪುಸ್ತಕ ಭಂಡಾರದಲ್ಲಿ ಆತನ ಕೆಲಸವನ್ನು ಆಕೆಗೆ ಅರ್ಧ ಸಂಬಳಕ್ಕೆ ಕೊಟ್ಟರು. ಕೆಲವು ವರ್ಷಗಳ ಮೇಲೆ ಅದನ್ನೂ ತಪ್ಪಿಸಿದರು. ಹಾನ್‌ಕಾಸೋನನ್ನು ಕರೆಸಿ ಎರಡು ವರ್ಷ ಬರೆದುಕೊಂಡವಳು ಆಕೆಯೊಬ್ಬಳೇ. ಉತ್ತರದ ಕಡೆಯ ಇನ್ನೊಂದು ಪಂಗಡದ ನಾಲ್ವರು ಹುಡುಗರಿಂದ ಮತ್ತೊಂದು ಭಾಷೆಯ ಕಥೆಗಳನ್ನು ಬರೆದುಕೊಂಡವಳೂ ಆಕೆಯೇ. ಸಂಗ್ರಹದಿಂದ ಆಯ್ದ ಒಂದು ಸಂಪುಟ ಲಂಡನ್ನಿನಲ್ಲಿ ಅಚ್ಚಾದುದು 1911ರಲ್ಲಿ. ಬ್ಲೀಕನು ಸತ್ತು 36 ವರ್ಷಗಳಾಗಿದ್ದುವು. ಲೂಸಿಗೆ ಎಪ್ಪತ್ತಾರು ದಾಟಿತ್ತು. ಎರಡು ವರ್ಷಗಳ ತರುವಾಯ ಕೇಪಿನ ವಿಶ್ವವಿದ್ಯಾಲಯ ಆಕೆಗೆ ಗೌರವ ಡಾಕ್ಟರ್ ಪದವಿಯನ್ನು ಕೊಟ್ಟಿತು. 1914ರಲ್ಲಿ ಆಕೆ ತೀರಿಕೊಂಡಳು.

ಹೀಗೆ ಬರೆದಿಟ್ಟ ಕಥೆಗಳಿಂದ ವಿದ್ವಾಂಸರು ಏನನ್ನು ತಿಳಿಯುವರು? ಒಂದು ಕಥೆಯ ಹಲವು ಪಾಠಗಳನ್ನು ಎದುರೆದುರಾಗಿ ಇಟ್ಟು ನೋಡುವುದು ಬಹಳ ಹಳೆಯ, ಇಂದಿಗೂ ಫಲಕೊಡುವ ರೀತಿ. ಮರಣ ಹೇಗೆ ಬಂದಿತೆಂಬ ಕಥೆಯನ್ನೇ ನೋಡೋಣ. ಇದು ಆಫ್ರಿಕದಲ್ಲಿ ಎಷ್ಟು ಹರಡಿದೆಯೆಂದರೆ ಅಬ್ರಹಾಮ್ಸನ್ ಎಂಬ ಸ್ವೀಡನ್ನಿನ ವಿದ್ವಾಂಸನು 1951ರಲ್ಲಿ ಇದೊಂದನ್ನೇ ಕುರಿತು ಒಂದು ಗ್ರಂಥವನ್ನು ಬರೆದನು. ಕ್ಯಾಲವೇ ಬರೆದುಕೊಂಡ ಜೂಲು ಪಾಠದಲ್ಲಿ ಆದಿಪುರುಷನು ಮನುಷ್ಯರಿಗೆ ಸಾವಿಲ್ಲವೆಂದು ಹೇಳಿಬರಲು ಗೋಸುಂಬೆಯನ್ನು ಕಳುಹಿಸುತ್ತಾನೆ. ಅದು ದಾರಿಯಲ್ಲಿ ಹಣ್ಣು ತಿನ್ನುತ್ತ ನಿಲ್ಲುತ್ತದೆ. ಅಷ್ಟರಲ್ಲಿ ಸಾವುಂಟೆಂಬ ಮಾತನ್ನು ಹೊತ್ತ ಹಲ್ಲಿ ಮುಂದೆ ಓಡಿಹೋಗಿ ಅದನ್ನು ಹೇಳಿಬಿಡುತ್ತದೆ; ಮೊದಲು ಮುಟ್ಟಿದ ಮಾತೇ ನಿಲ್ಲುತ್ತದೆ. ಬ್ಲೀಕನು 1864ರಲ್ಲಿ ಪ್ರಕಟಿಸಿದ ಖೋಯ್‌ಖೋಯ್ ಪಾಠದಲ್ಲಿ ಚಂದ್ರನು ಒಂದು ಹುಳುವಿನ ಮೂಲಕ, ತಾನು ಸತ್ತು ಮರಳಿ ಹುಟ್ಟುವಂತೆ ಮನುಷ್ಯರೂ ಹುಟ್ಟುವರೆಂದು ಹೇಳಿಕಳುಹಿಸುತ್ತಾನೆ. ಮೊಲವು ದಾರಿಯಲ್ಲಿ ಅದರಿಂದ ಮಾತನ್ನು ಕಿತ್ತುಕೊಂಡು ಹೋಗಿ ತಲೆಕೆಳಗುಮಾಡಿ ಹೇಳುತ್ತದೆ. ಚಂದ್ರನು ಕೋಪದಿಂದ ಹೊಡೆದುದರಿಂದ ಮೊಲದ ತುಟಿ ಸೀಳಾಯಿತು. ಎರಡರಲ್ಲಿಯೂ ಸಾವಿಗೆ ಕಾರಣ ದೂತನ ತಪ್ಪು.

ಕ್ಸಾಮ್ ಪಾಠದಲ್ಲಿಯೂ ಚಂದ್ರನಿದ್ದಾನೆ, ಮೊಲವಿದೆ, ಸೀಳಿದ ತುಟಿಯಿದೆ. ಆದರೆ ಸುದ್ದಿಯೂ ಇಲ್ಲ, ದೂತನೂ ಇಲ್ಲ. ಮೊಲವು ಆಗ ಮನುಷ್ಯನಾಗಿತ್ತು. ಅದರ ತಾಯಿ ಸತ್ತಿದ್ದಾಳೆ, ಅದು ಅಳುತ್ತಿದೆ. ಚಂದ್ರನು, ಅಳಬೇಡ, ನಿನ್ನ ತಾಯಿ ನನ್ನಂತೆಯೇ ಮರಳಿ ಬರುವಳೆಂದು ಸಮಾಧಾನ ಹೇಳುತ್ತಾನೆ. ಮೊಲವು ನಂಬುವುದಿಲ್ಲ, ಇಲ್ಲ, ಅವಳು ಸತ್ತೇ ಹೋದಳು ಎನ್ನುತ್ತದೆ. ತನ್ನ ಮಾತನ್ನು ತಳ್ಳಿಹಾಕಿದುದಕ್ಕೆ ಚಂದ್ರನು ಸಿಟ್ಟಾಗಿ ಅದರ ಬಾಯಿಗೆ ಗುದ್ದಿ, ಹಾಗಾದರೆ ಎಲ್ಲರೂ ಸತ್ತೇ ಹೋಗಲಿ ಎಂದು ಶಪಿಸುತ್ತಾನೆ. ಮೊಲದ ತೊಡೆಯಲ್ಲಿ ಇಂದಿಗೂ ಒಂದು ತುಣುಕು ಮನುಷ್ಯಮಾಂಸ ಉಳಿದಿದೆಯೆಂದು ಕ್ಸಾಮ್ ಜನ ಅಷ್ಟನ್ನು ತೆಗೆದುಹಾಕಿ ತಿನ್ನುತ್ತಿದ್ದರು.

ಮೂರನ್ನೂ ‘ಮರಣದ ಉತ್ಪತ್ತಿ’ ಎಂಬ ಒಂದೇ ತಲೆಬರಹದ ಕೆಳಗೆ ಸೇರಿಸಿ ಸಂಖ್ಯೆಯೊಂದನ್ನು ಕೊಟ್ಟುಬಿಡುವುದು ಸುಲಭ. ಕಥೆಗಳ ವರ್ಗೀಕರಣ ಅನೇಕ ವೇಳೆ ಅಷ್ಟಕ್ಕೇ ನಿಲ್ಲುತ್ತದೆ. ಅದರಿಂದ ಕಥೆ ಎಲ್ಲಿಂದ ಎಲ್ಲಿಗೆ ನಡೆಯಿತೆಂಬುದನ್ನು ಊಹಿಸಬಹುದು. ಆದರೆ ದುಃಖಪಡುವವನ ಅಪನಂಬಿಕೆಯೇ ಸಾವನ್ನು ಶಾಶ್ವತಮಾಡಿತೆಂಬ ಕ್ಸಾಮ್ ಭಾವನೆ ಆ ಸಂಖ್ಯೆಯೊಳಗೆ ಹಿಡಿಯುವುದಿಲ್ಲ. ಇದನ್ನು ಹೇಳಿದವರ ಬಂಧುಬಳಗ ಎಷ್ಟುಮಂದಿ ಹೇಗೆ ಸತ್ತಿದ್ದರೆಂಬುದನ್ನು ಬಲ್ಲ ನಮಗೆ ಇದನ್ನು ಬರಿಯ ಮಾದರಿಯೆಂದು ಓದಲು ಮನಸ್ಸಾಗದು.

ಬರಹಕ್ಕೆ ಸಿಕ್ಕದೆ ಹೋದುದೂ ಬಹಳವುಂಟು. ರ್‍ಯಾಟ್ರೆ ಹೇಳುವಂತೆ ಅಶಾಂತಿಗಳಲ್ಲಿ ಕಥೆಯನ್ನು ಹೇಳುವುದು ಕತ್ತಲಾದಮೇಲೆ. ಮೊದಲಿಗೆ, ತಾನು ಹೇಳುವುದು ನಿಜವೆಂದು ತಿಳಿಯಬೇಡಿರೆಂಬ ಅರ್ಥದ ಒಂದು ನುಡಿಯನ್ನು ಕಥೆಗಾರನು ಆಡಬೇಕು. ಕೇಳುವವರು ನಡುನಡುವೆ ಹಾಡುವರು, ಬಾಯಿಹಾಕುವರು, ಅಭಿನಯಿಸುವರು. ರೂತ್ ಫಿನೆಗನ್ ಎಂಬ ವಿದುಷಿ ಸಿಯೆರಾ ಲಿಯೋನಿನ ಲಿಂಬಾ ಜನರ ನಡುವೆ ಇದ್ದು ಬಂದು, 1970ರಲ್ಲಿ ಬರೆದ ದೊಡ್ಡ ಗ್ರಂಥದಲ್ಲಿ ಇದನ್ನೇ ಒತ್ತಿ ಹೇಳಿದಳು: ಕಥೆಯೆಂದರೆ ಬರಿಯ ಮಾತಲ್ಲ, ಹೇಳುವ ಆ ಹೊತ್ತಿನ ಪ್ರಸಂಗವೇ ಕಥೆ. ಮೌಬ್ರೆಯಲ್ಲಿ ಕಬ್ಬೋನ ಮುಂದೆ ಕುಳಿತು ಕೇಳುತ್ತಿದ್ದವಳು ಲೇಖನಿ ಹಿಡಿದ ಒಬ್ಬ ಹೆಂಗಸು. ಒಂದು ವಾಕ್ಯ ಹೇಳಿ, ಬರೆದು ಮುಗಿಯುವವರೆಗೆ ಕಾದು, ಮತ್ತೊಂದು ವಾಕ್ಯ. ಒಂದೊಂದು ಕಥೆಗೆ ವಾರಗಳು ಹಿಡಿದುದುಂಟು. ನಕ್ಕವರಿಲ್ಲ, ಹೂಂಗುಟ್ಟಿದವರಿಲ್ಲ. ಧ್ವನಿಯನ್ನು ಹಿಡಿದಿಡುವ ಯಂತ್ರ ಆಗಿನ್ನೂ ಬಂದಿರಲಿಲ್ಲ.

ಆದರೂ ಯಾರೂ ಎಣಿಸದಿದ್ದ ಒಂದು ಫಲ ಆ ಪುಟಗಳಿಂದ ದೊರೆಯಿತು. ದಕ್ಷಿಣ ಆಫ್ರಿಕದ ಗುಡ್ಡಗಳ ಬಂಡೆಗಳಲ್ಲಿ ಸಾನ್ ಜನ ಬರೆದ ಬಣ್ಣದ ಚಿತ್ರಗಳು ಸಾವಿರಾರು ಇವೆ. ಬಹುಕಾಲ ಅವನ್ನು ವಿನೋದಕ್ಕೆ ಬರೆದ ಬೇಟೆಯ ಚಿತ್ರಗಳೆಂದೇ ತಿಳಿದಿದ್ದರು. ಮಲೂಟಿ ಪರ್ವತಗಳಲ್ಲಿ ಆರ್ಪೆನ್ ಎಂಬ ಅಧಿಕಾರಿ ಕ್ವಿಂಗ್ ಎಂಬ ಸಾನ್ ಬೇಟೆಗಾರನಿಂದ ಕೆಲವು ಚಿತ್ರಗಳ ಅರ್ಥವನ್ನು ಕೇಳಿ, ಪ್ರತಿಗಳೊಡನೆ 1874ರಲ್ಲಿ ಕೇಪ್ ಟೌನಿನ ಮಾಸಪತ್ರಿಕೆಯೊಂದರಲ್ಲಿ ಪ್ರಕಟಿಸಿದನು. ಬ್ಲೀಕನು ಅವೇ ಪ್ರತಿಗಳನ್ನು ದಿಯಾಕ್ವೈನನಿಗೆ ತೋರಿಸಿ ಆತನ ವಿವರಣೆಯನ್ನೂ ಬರೆದುಕೊಂಡನು. ಸುಮಾರು ನೂರು ವರ್ಷಗಳ ಮೇಲೆ ಡೇವಿಡ್ ಲೂಯಿಸ್ ವಿಲಿಯಮ್ಸ್ ಎಂಬ ವಿದ್ವಾಂಸನು ಈ ಟಿಪ್ಪಣಿಗಳನ್ನೇ ಹಿಡಿದು, ಆ ಚಿತ್ರಗಳು ಮಳೆ ಕರೆಯುವವರ, ರೋಗ ಕಳೆಯುವವರ ಆವೇಶದ ಅನುಭವಗಳಿಗೆ ಸಂಬಂಧಪಟ್ಟುವೆಂದು ವಾದಿಸಿದನು. ವಾದವನ್ನು ಎಲ್ಲರೂ ಪೂರ್ತಿಯಾಗಿ ಒಪ್ಪಿಲ್ಲ. ಆದರೆ ಬಂಡೆಯ ಚಿತ್ರವನ್ನು ಕಥೆಯ ಪುಟದ ಪಕ್ಕದಲ್ಲಿಡದೆ ಓದುವವರು ಈಗ ವಿರಳ.

ಬ್ಲೀಕನ ಮಗಳು ಡೊರೊಥಿಯ 1910 ಮತ್ತು 1911ರಲ್ಲಿ ಪ್ರೀಸ್ಕ, ಕೆನ್‌ಹಾರ್ಟ್‌ಗಳ ಕಡೆಗೆ ಹೋಗಿ ಹುಡುಕಿದಾಗ ಕ್ಸಾಮ್ ಮಾತನ್ನು ಬಲ್ಲ ಕೆಲವರು ಮುದುಕರು ಸಿಕ್ಕಿದರು. ಹಳೆಯ ಕಥೆಗಳು ಅವರಿಗೆ ತಿಳಿದಿರಲಿಲ್ಲ. ತಂದೆಯ ಮತ್ತು ದೊಡ್ಡಮ್ಮನ ಪುಟಗಳಿಂದ ಆಕೆ ಇನ್ನಷ್ಟು ಕಥೆಗಳನ್ನು ತಿದ್ದಿ ಪ್ರಕಟಿಸಿದಳು. ಕೂಡಿಸಿದ ನಿಘಂಟು ಆಕೆ ಸತ್ತಮೇಲೆ 1956ರಲ್ಲಿ ಹೊರಬಂದಿತು. ಆ ಹೊತ್ತಿಗೆ ಭಾಷೆಯನ್ನಾಡುವವರು ಯಾರೂ ಉಳಿದಿರಲಿಲ್ಲ. ಬರಹದ ಪುಸ್ತಕಗಳನ್ನು 1997ರಲ್ಲಿ ಯುನೆಸ್ಕೋ ಸಂಸ್ಥೆ ಲೋಕದ ಸ್ಮೃತಿಭಂಡಾರದ ಪಟ್ಟಿಗೆ ಸೇರಿಸಿತು. ಈಗ ಅವುಗಳ ಪುಟಪುಟದ ಛಾಯಾಚಿತ್ರವನ್ನು ಮನೆಯಲ್ಲಿ ಕುಳಿತೇ ನೋಡಬಹುದು. 2000ದ ಏಪ್ರಿಲ್ 27ರಂದು ಹೊಸ ದಕ್ಷಿಣ ಆಫ್ರಿಕ ತನ್ನ ರಾಜ್ಯಲಾಂಛನವನ್ನು ಬದಲಾಯಿಸಿದಾಗ ಅದರ ಕೆಳಗೆ ಬರೆದ ಧ್ಯೇಯವಾಕ್ಯ ಕ್ಸಾಮ್ ಭಾಷೆಯದು: ಬೇರೆ ಬೇರೆ ಜನ ಒಂದಾಗಲಿ ಎಂಬ ಅರ್ಥ. ನಿಲುಗೆರೆಗಳೂ ಉದ್ಗಾರ ಚಿಹ್ನೆಯೂ ಆ ದೇಶದ ನಾಣ್ಯಗಳ ಮೇಲೂ ಬಂದುವು. ಅದನ್ನು ಹುಟ್ಟುಮಾತಾಗಿ ಉಚ್ಚರಿಸಿ ತೋರಿಸುವವರು ಮಾತ್ರ ಯಾರೂ ಇಲ್ಲ.

ಕಬ್ಬೋ ತನ್ನ ನೀರಿನ ಗುಂಡಿಯಿದ್ದ ಸ್ಥಳದ ಹೆಸರನ್ನು ಹೇಳಿದ್ದನು. ವಲಸೆಗಾರರು ಅದನ್ನು ಕಹಿಬಾವಿ ಎಂಬ ಅರ್ಥದ ಒಂದು ಹೆಸರಿನಿಂದ ಕರೆಯುತ್ತಿದ್ದರು. ಅದು ಯಾವ ದಿಕ್ಕಿನಲ್ಲಿದೆ, ಎಷ್ಟು ದೂರ ಎಂಬುದನ್ನು ಆತನು ಹೇಳಿದಂತೆ ಬ್ಲೀಕನು ಒಂದು ಒರಟು ನಕ್ಷೆಯನ್ನು ಪುಸ್ತಕದಲ್ಲಿ ಗೀಚಿಟ್ಟಿದ್ದನು. 1980ರ ದಶಕದಲ್ಲಿ ಜಾನೆಟ್ ಡೀಕನ್ ಎಂಬ ಪುರಾತತ್ತ್ವಜ್ಞೆ ಆ ನಕ್ಷೆಯನ್ನೂ ಆತನ ಮಾತುಗಳನ್ನೂ ಹಿಡಿದು ಕೆನ್‌ಹಾರ್ಟಿನ ಕಡೆಯ ಬಯಲಿಗೆ ಹೋಗಿ ಹುಡುಕಿದಳು. ಸ್ಥಳ ಸಿಕ್ಕಿತು.